ಉಸ್ತಾದರ ಗೋಡೆಗೊಂದು ಕನ್ನಡ ಸಾಲು

ಗೊತ್ತಿಲ್ಲದ ವಿಷಯದ ಮೇಲೆ ನಾನು ಬಹಳ ಚೆನ್ನಾಗಿ ಮಾತಾಡುತ್ತೇನೆ. ಇದು ಜಂಬವಲ್ಲ, ತಪ್ಪೊಪ್ಪಿಗೆ. ಗೊತ್ತಿರುವ ವಿಷಯವಾದರೆ ಅನುಮಾನಗಳು ಅಡ್ಡ ಬಂದು ನಾಲಿಗೆ ತಡವರಿಸುತ್ತದೆ. ಗೊತ್ತಿಲ್ಲದ್ದಾದರೆ ಹೊಸ ಡಾಂಬರು ರಸ್ತೆಯ ಮೇಲೆ ಖಾಲಿ ಬಸ್ಸು ಓಡಿದ ಹಾಗೆ. ತೊಂಬತ್ತರ ದಶಕದ ಮೊದಲ ವರ್ಷಗಳಲ್ಲಿ ನಾನು ಯಳಂದೂರಿನ ಒಂದು ಪ್ರೌಢಶಾಲೆಯಲ್ಲಿ ಕನ್ನಡ ಮೇಷ್ಟರಾಗಿದ್ದೆ. ಮನೆ ಕೊಳ್ಳೇಗಾಲದಲ್ಲಿ. ಶಾಲೆಯ ವಾರ್ಷಿಕೋತ್ಸವಕ್ಕೆ ಬರಬೇಕಾದ ಅತಿಥಿಗಳ ಕಾರು ಎಲ್ಲೋ ಕೆಟ್ಟು ನಿಂತಿತು. ಅವರು ಬರುವವರೆಗೆ ಏನಾದರೂ ಮಾತಾಡಿ ಎಂದು ಹೆಡ್‌ಮಾಸ್ಟರು ನನ್ನನ್ನು ವೇದಿಕೆಗೆ ನೂಕಿದರು.

ನಾನು ಪಂಪನ ಕಾಲದಿಂದ ಹೊರಟು, ಗ್ರೀಸು ರೋಮು ಸುತ್ತಿ, ಅರಬ್ ದೇಶಕ್ಕೆ ಬಂದೆ. ಅಲ್ಲಿಗೆ ಬರುವಷ್ಟರಲ್ಲಿ ನನ್ನ ತಿಳಿವಳಿಕೆಯ ಗಂಟು ಖಾಲಿಯಾಗಿತ್ತು, ಅತಿಥಿಗಳ ಸುಳಿವಿರಲಿಲ್ಲ. "ಸೂಫಿ ಕವಿಗಳಂತೂ ಮಹಾ ಕುಡುಕರು! ಬಟ್ಟಲ ಮೇಲೆ ಬಟ್ಟಲು ಏರಿಸಿ, ಹೆಂಡದ ಅಮಲಿನಲ್ಲೇ ಪದ ಕಟ್ಟಿದವರು!" ಎಂದುಬಿಟ್ಟೆ. ಹತ್ತನೇ ತರಗತಿಯವರು ಶಿಳ್ಳೆ ಹಾಕಿದರು. ನಾನು ಗೆದ್ದೆನೆಂದುಕೊಂಡು ಇಳಿದೆ.

ವೇದಿಕೆಯ ಪಕ್ಕದಲ್ಲಿ ಬ್ಯಾನರ್ ಬರೆದ ಪೇಂಟರು ಕುಂಚ ತೊಳೆಯುತ್ತ ಕೂತಿದ್ದರು. ಬಿಳಿ ಗಡ್ಡ, ಬಣ್ಣದ ಕಲೆಗಳಿಂದ ಭೂಪಟದಂತಾಗಿದ್ದ ಅಂಗಿ. ಕೊಳ್ಳೇಗಾಲದ ದಸ್ತಗೀರ್ ಸಾಹೇಬರು. ಸೀರೆ ಅಂಗಡಿ, ಅಕ್ಕಿ ಗಿರಣಿ, ಲಾರಿಗಳ ಹಿಂಭಾಗ, ಎಲ್ಲೆಲ್ಲೂ ಅವರ ಗುಂಡುಗುಂಡಾದ ಕನ್ನಡ ಅಕ್ಷರಗಳೇ.

"ಸಾ," ಎಂದು ಮೆಲ್ಲಗೆ ಕರೆದರು, "ಆ ಎಂಡ ಅಂದ್ರಲ್ಲ, ಅದ್ನ ನೀವು ಕುಡ್ದಿದ್ದೀರಾ?"

ಧನಗೆರೆಯ ಶಿವಭಕ್ತರ ಮನೆಯಲ್ಲಿ ಹುಟ್ಟಿದ ನನಗೆ ಗಾಬರಿಯಾಯಿತು. "ಛೆ ಛೆ! ಇಲ್ಲಪ್ಪ!"

"ನಾನೂ ಕುಡ್ದಿಲ್ಲ ಸಾ. ಆ ಪದ ಬರ್ದೋರಲ್ಲೂ ಭಾಳ ಜನ ಕುಡ್ದಿಲ್ಲ. ಬಿಡುವಾದಾಗ ಅಂಗ್ಡಿ ತಾವ್ ಬನ್ನಿ. ಅದೇನ್ ಎಂಡ ಅಂತ ಏಳ್ತೀನಿ."

ಅದರಲ್ಲಿ ಕುಟುಕು ಇರಲಿಲ್ಲ. ಇದ್ದಿದ್ದರೆ ನಾನೂ ಎರಡು ಮಾತು ತಿರುಗಿಸಿ ಮರೆತುಬಿಡುತ್ತಿದ್ದೆ. ಇಲ್ಲದ್ದರಿಂದಲೇ ಮುಂದಿನ ಭಾನುವಾರ ಅವರ ಅಂಗಡಿಯ ಬೆಂಚಿನ ಮೇಲೆ ಹೋಗಿ ಕೂತೆ.

ಹೊರಗಿನಿಂದ ನೋಡಿದರೆ ಅದು ಬರೀ ಪೇಂಟರ ಅಂಗಡಿ. ಒಳಗಿನ ಗೋಡೆಗಳ ಮೇಲೆ ಮಾತ್ರ ಅರಬ್ಬೀ ಅಕ್ಷರಗಳು ಬಳ್ಳಿಗಳಾಗಿ, ದೋಣಿಗಳಾಗಿ, ರೆಕ್ಕೆ ಬಿಚ್ಚಿದ ಕೊಕ್ಕರೆಗಳಾಗಿ ಹಬ್ಬಿದ್ದವು. ಕನ್ನಡ ಅವರ ಹೊಟ್ಟೆಪಾಡು, ಅರಬ್ಬಿ ಅವರ ಖುಷಿ. ತಂದೆ, ತಾತ ಇಬ್ಬರೂ ಇದೇ ಅಕ್ಷರ ತಿದ್ದಿದವರಂತೆ. ಸೂಫಿಗಳ ಹೆಂಡವೆಂದರೆ ದೇವರ ನೆನಪು ಎಂದು ಅವತ್ತು ಅವರು ತಿಳಿಸಿಕೊಟ್ಟರು. ಅದು ತಲೆಗೇರಿದರೆ ಇಳಿಯುವುದಿಲ್ಲ. ಪ್ರೇಯಸಿ ಎಂದರೂ ಅವನೇ, ಹೆಂಡದಂಗಡಿ ಎಂದರೂ ಅವನ ಮನೆಯೇ. "ಗಟ್ಟಿ ಬಣ್ಣಕ್ಕೆ ಟರ್ಪೆಂಟೈನ್ ಉಯ್ದಂಗೆ ಸಾ. 'ನಾನು' ಅನ್ನೋದು ಕರಗೋಯ್ತದೆ" ಎಂದರು. ನಮ್ಮ ವಚನಗಳಲ್ಲೂ ಭಕ್ತ ಹೆಂಡತಿಯಾಗಿ ದೇವರನ್ನು ಗಂಡನೆಂದು ಕರೆಯುವುದುಂಟಲ್ಲ! ಇಪ್ಪತ್ತು ವರ್ಷ ಅದನ್ನು ಪಾಠ ಮಾಡಿದ ನನಗೆ, ಪಕ್ಕದ ಬೀದಿಯಲ್ಲಿ ಅದರ ನೆಂಟರು ಇದ್ದಾರೆಂದು ಗೊತ್ತಿರಲಿಲ್ಲ. ನಾಚಿಕೆಯಾಯಿತು. ನಾಚಿಕೆಗಿಂತ ಹೆಚ್ಚಾಗಿ ಆಸೆಯಾಯಿತು. ನಲವತ್ತೆರಡನೇ ವಯಸ್ಸಿನಲ್ಲಿ ನಾನು ಮತ್ತೆ ಅಕ್ಷರಾಭ್ಯಾಸಕ್ಕೆ ಕೂತೆ. ಅವರು ನನಗೆ ಉಸ್ತಾದರಾದರು.

ಅರಬ್ಬೀ ಬರೆಯುವ ಲೇಖನಿ ಲಾಳದ ಕಡ್ಡಿಯದು, ಜೊಂಡಿನಂಥ ಟೊಳ್ಳು ಕಡ್ಡಿ. ಅದರ ತುದಿಯನ್ನು ಓರೆಯಾಗಿ ಕತ್ತರಿಸಿ ಕಾಗದಕ್ಕೊತ್ತಿದರೆ ಒಂದು ಚೌಕದ ಚುಕ್ಕೆ ಮೂಡುತ್ತದೆ. ಆ ಚುಕ್ಕೆಯೇ ಅಳತೆಗೋಲು. ಮೊದಲ ಅಕ್ಷರ ಇಷ್ಟು ಚುಕ್ಕೆ ಎತ್ತರ, ಎರಡನೆಯದು ಇಷ್ಟು ಚುಕ್ಕೆ ಉದ್ದ ಎಂದು ಎಲ್ಲಕ್ಕೂ ಲೆಕ್ಕವಿದೆ. ನಾನು ಮನೆಯಲ್ಲಿ ಚುಕ್ಕೆ ಇಟ್ಟು ತಿದ್ದುತ್ತಿದ್ದರೆ ನನ್ನ ಹೆಂಡತಿ ರಾಜಮ್ಮ ಬಗ್ಗಿ ನೋಡಿ, "ಬಾಗ್ಲಿಗೆ ನಾ ರಂಗೋಲಿ ಇಕ್ದಾಗ ಒಂದಿನಾನೂ ತಿರುಗ್ ನೋಡ್ಲಿಲ್ಲ, ಈಗ್ ನೋಡಿದ್ರೆ ನೀವೇ ಚುಕ್ಕೆ ಇಕ್ತಿದ್ದೀರಿ" ಎಂದಳು. ಶಾಗ್ಯದ ರೈತರ ಮನೆಯ ಮಗಳು. ನಾಲ್ಕನೇ ತರಗತಿಗೆ ಶಾಲೆ ಬಿಟ್ಟವಳು. ನನ್ನ ಭಾಷಣಗಳಿಗೆ ಎಂದೂ ಮರುಳಾಗದ ಏಕೈಕ ಶ್ರೋತೃ.

ಬರೆಯುವುದಾದರೂ ಬಂತು, ಉಚ್ಚಾರಣೆಯದೇ ಪೇಚು. ಅರಬ್ಬಿಯಲ್ಲೊಂದು ಅಕ್ಷರವಿದೆ. ಗಂಟಲಿನ ಆಳದಿಂದ, ಅಂದರೆ ನಮ್ಮ ಕಡೆಯವರು ಕೆಮ್ಮುವುದಕ್ಕೆ ಮಾತ್ರ ಬಳಸುವ ಜಾಗದಿಂದ, ಅದನ್ನು ಎಳೆದು ತರಬೇಕು. ಪ್ರೇಮ ಎಂಬ ಅರ್ಥದ ಪದ ಶುರುವಾಗುವುದೇ ಆ ಅಕ್ಷರದಿಂದ. ಒಂದು ಬೆಳಿಗ್ಗೆ ಯಳಂದೂರಿನ ಬಸ್ಸಿನಲ್ಲಿ ಕಣ್ಣು ಮುಚ್ಚಿ ಅದನ್ನೇ ಅಭ್ಯಾಸ ಮಾಡುತ್ತಿದ್ದೆ. ಪಕ್ಕದವರು ಬುಟ್ಟಿಯ ಸಮೇತ ದೂರ ಸರಿದರು. ಕಂಡಕ್ಟರು ಓಡಿ ಬಂದು, "ಸಾ ಸಾ, ಕಿಟ್ಕಿ ಕಡೆ ಬಗ್ಗಿ ಸಾ! ಡ್ರೈವರ್, ಓಲ್ಡಾನ್!" ಎಂದು ಬಸ್ಸನ್ನೇ ನಿಲ್ಲಿಸಿದರು. ಪ್ರೇಮಕ್ಕಾಗಿ ಮರಳುಗಾಡು ಅಲೆದವರಿದ್ದಾರೆ, ನಾನು ಬಸ್ಸು ನಿಲ್ಲಿಸಿದೆ.

ಆಮೇಲೆ ನನಗೆ ಇನ್ನೊಂದು ಹುಚ್ಚು ಹಿಡಿಯಿತು. ಕನ್ನಡದ ಹೊಟ್ಟೆಯೊಳಗಿನ ಅರಬ್ಬೀ ಪದಗಳನ್ನು ಹುಡುಕುವುದು. ಕಲಮು, ತಾರೀಖು, ಅರ್ಜಿ, ವಕೀಲ, ಖಾಲಿ, ಕೊನೆಗೆ ದಿನಾ ಬೆಳಿಗ್ಗೆ ನನ್ನ ತರಗತಿಯಲ್ಲಿ ಐವತ್ತು ಕೊರಳುಗಳು ಕೂಗುವ "ಹಾಜರ್ ಸಾರ್" ಕೂಡ! ಎಲ್ಲಕ್ಕಿಂತ ನನ್ನನ್ನು ಕುಣಿಸಿದ್ದು ತಾಲ್ಲೂಕು. ಮೂಲದಲ್ಲಿ ಅದರ ಅರ್ಥ ನಂಟು, ಸಂಬಂಧ ಎಂದಂತೆ. ಅರ್ಜಿ ಹಿಡಿದು ತಾಲ್ಲೂಕು ಕಚೇರಿಯ ಕಂಬ ಸುತ್ತಿದವರಿಗೆ ಇದನ್ನು ಹೇಳಿದರೆ ನಂಬಲಾರರು.

ಕಲಿತದ್ದು ಸಾಲದೆಂಬಂತೆ ಸೂಫಿ ಧಾಟಿಯಲ್ಲಿ ನಾನೇ ಕನ್ನಡದಲ್ಲಿ ಪದ್ಯ ಕಟ್ಟತೊಡಗಿದೆ. 'ನಿನ್ನ ಬೀದಿಯ ಧೂಳು ನನ್ನ ಕಣ್ಣಿಗೆ ಕಾಡಿಗೆ', 'ನಿನ್ನ ಮುಂಗುರುಳೇ ನನ್ನ ಇರುಳು' ಎಂಬಂಥ ಸಾಲುಗಳು. ಹಾಳೆಯನ್ನು ಅಂಗಿಯ ಜೇಬಿನಲ್ಲಿ ಮರೆತದ್ದೇ ತಪ್ಪಾಯಿತು. ಬಟ್ಟೆ ಒಗೆಯುವ ಕಲ್ಲಿನ ಬಳಿ ರಾಜಮ್ಮ ಅದನ್ನು ಅಕ್ಷರ ಅಕ್ಷರ ಕೂಡಿಸಿ ಓದಿ, ಒದ್ದೆ ಕೈಯಲ್ಲೇ ಹಿಡಿದುಕೊಂಡು ಬಂದಳು.

"ಯಾವ ಬೀದೀಲವ್ಳೆ ಇವ್ಳು?"

ನಾನು ನಕ್ಕೆ. ನಗಬಾರದಿತ್ತು. ಅವಳ ಕಣ್ಣು ತುಂಬಿತ್ತು.

"ಇದು ದೇವರಿಗೆ ಬರೆದದ್ದು ಕಣೇ."

"ದೇವ್ರಿಗೆ? ಕಾಡಿಗೆ, ಮುಂಗುರ್ಳು ಎಲ್ಲಾ ದೇವ್ರಿಗಾ?" ಅವಳು ಹಾಳೆಯನ್ನು ಮಡಿಸಿ ನನ್ನ ಮುಂದಿಟ್ಟಳು. "ಇಪ್ಪತ್ ವರ್ಸಾಯ್ತು ನಾ ಈ ಮನೆಗ್ ಬಂದು. ದೇವ್ರು ಕೇಳ್ದೆ ಇದ್ರೂ ಬರ್ದಿದ್ದೀರಿ. ನಂಗೊಂದಿನ 'ಸಾರು ಸಂದಾಗದೆ' ಅಂತ ಬಾಯ್ಬಿಟ್ಟು ಅಂದಿದ್ದೀರಾ?"

ನಾನು ಹಾಳೆಯನ್ನು ಜೇಬಿಗೆ ತುರುಕಿ ಚಪ್ಪಲಿ ಮೆಟ್ಟಿ ಹೊರಗೆ ಹೊರಟೆ. ಭಾಷಣಕಾರನಿಗೆ ಅದಕ್ಕಿಂತ ದೊಡ್ಡ ಸೋಲಿಲ್ಲ. ಮೂರು ದಿನ ಮನೆಯಲ್ಲಿ ಮಾತಿಲ್ಲ, ಸಾರಿಗೆ ಉಪ್ಪಿಲ್ಲ. ಉಪ್ಪಿಲ್ಲದ ಸಾರನ್ನೇ "ಚೆನ್ನಾಗಿದೆ" ಎಂದು ಹೊಗಳಿ ಇನ್ನಷ್ಟು ಕೆಡಿಸಿಕೊಂಡೆ.

ಅದೇ ವಾರ ಉಸ್ತಾದರಿಗೊಂದು ದೊಡ್ಡ ಕೆಲಸ ಬಂದಿತ್ತು. ಹನೂರಿನಿಂದಾಚೆ ಕಾಡಿನಂಚಿನಲ್ಲಿ ಒಂದು ಸಣ್ಣ ದರ್ಗಾ ಇದೆ. ಎಲ್ಲ ಜಾತಿಯವರೂ ಹರಕೆ ಹೊತ್ತು ಹೋಗುವ ಜಾಗ. ಅದರೆದುರು ಯಾತ್ರಿಕರ ದಣಿವಾರಿಸಲು ಹೊಸ ಜಗಲಿ, ಚಾವಡಿ ಕಟ್ಟಿದ್ದರು. ಅದರ ಗೋಡೆಯ ಮೇಲೆ ಅರಬ್ಬಿಯಲ್ಲೊಂದು ಸಾಲು, ಕೆಳಗೆ ಕನ್ನಡದಲ್ಲಿ ಅದೇ ಅರ್ಥ ಬರೆಯಬೇಕು. ಉಸ್ತಾದರ ಕಣ್ಣಿಗೆ ಪೊರೆ ಬರುತ್ತಿತ್ತು. "ಇಷ್ಟ್ ದೊಡ್ ಗೋಡೆ ಇನ್ ಮೇಲೆ ನಂಗ್ ಕಾಣಾಕಿಲ್ಲ ಮೇಷ್ಟ್ರೇ. ಇದೊಂದ್ ಸರೀಗಾಗ್ಬೇಕು" ಎಂದರು. ಅವರು ಆರಿಸಿಕೊಂಡದ್ದು ಅರಬ್ಬರು ಅತಿಥಿಗಳಿಗೆ ದಿನನಿತ್ಯ ಹೇಳುವ ಮಾತು: 'ಅಹಲನ್ ವ ಸಹಲನ್'.

"ಇದಕ್ಕೇನು, 'ಸುಸ್ವಾಗತ' ಅಂತ ಬರೆದರಾಯಿತು" ಎಂದೆ.

ಅವರು ತಲೆಯಾಡಿಸಿದರು. "ಸುಸ್ವಾಗತ ಅಂತ ನಾನು ಕಲ್ಯಾಣ ಮಂಟಪದ್ ಬಾಗ್ಲಿಗೆಲ್ಲ ಬರ್ದಿದ್ದೀನಿ. ಅದ್ನ ಯಾರೂ ಓದಾಕಿಲ್ಲ. ಇದ್ರಲ್ಲಿ ಎರಡು ಮಾತದೆ. ಅಹಲ್ ಅಂದ್ರೆ ನಮ್ಮೋರು. ಸಹಲ್ ಅಂದ್ರೆ ಮಟ್ಟಾಗಿರೋ ನೆಲ. ಮರಳ್ ದಿಣ್ಣೆ ಅತ್ತಿ ಇಳ್ದು ಸುಸ್ತಾಗಿ ಬಂದೋನ್ಗೆ, ನಿನ್ ಜನದ ತಾವೇ ಬಂದಿದ್ದೀಯ, ಇಲ್ಲಿ ನೆಲ ಮಟ್ಟವಾಗದೆ, ಒರೆ ಇಳ್ಸಪ್ಪ ಅಂತ. ಅದು ಕನ್ನಡದಾಗೆ ಬರ್ಬೇಕು."

ನಾನು ವಾರವಿಡೀ ಬರೆದೆ. 'ಬಂಧುಭಾವದ ಸಮತಲಕ್ಕೆ ಬಿಜಯಂಗೈಯಿರಿ' ಎಂದು ಬರೆದಾಗ ಉಸ್ತಾದರು, "ಇದ್ನ ಓದೋವಷ್ಟ್ರಲ್ಲಿ ಬಂದೋನ್ ವಾಪಸ್ ಓಗಿರ್ತಾನೆ" ಎಂದರು. ಹನ್ನೊಂದು ಸಲ ಬರೆದು ಹನ್ನೊಂದು ಸಲ ಹರಿದೆ. ಕನ್ನಡ ಮೇಷ್ಟರ ಕೈಯಲ್ಲಿ ಕನ್ನಡ ಆಗುತ್ತಿಲ್ಲವೆಂಬ ಸಂಕಟ ಬೇರೆ. ಗೋಡೆಗೆ ಸುಣ್ಣ ಬಳಿದು ಕಾಯುತ್ತಿದ್ದಾರೆ, ಉಸ್ತಾದರ ಕಣ್ಣು ಕಾಯುವ ಹಾಗಿಲ್ಲ.

ಕೊನೆಗೆ ಒಂದು ಸಂಜೆ ಉಸ್ತಾದರೇ ನಮ್ಮ ಮನೆಗೆ ಬಂದರು. ಪದ್ಯದ ಜಗಳ ನಾನೇ ಹೇಳಿಕೊಂಡಿದ್ದೆ. ಅದನ್ನೂ ಬಗೆಹರಿಸೋಣವೆಂದು ಅವರ ಎಣಿಕೆ. ನನಗೋ ದಿಗಿಲು. ಈ ಜಗಳಕ್ಕೆಲ್ಲ ಮೂಲಪುರುಷರೇ ಬಾಗಿಲಲ್ಲಿ ನಿಂತಿದ್ದಾರೆ, ರಾಜಮ್ಮ ಏನನ್ನುತ್ತಾಳೋ! ಉಸ್ತಾದರೂ ಅಳುಕಿ ಹೊಸಿಲಾಚೆಯೇ ಚಪ್ಪಲಿ ಬಿಟ್ಟು, ಒಳಗೆ ಬರಲೋ ಬೇಡವೋ ಎಂದು ನಿಂತರು. ಒಳಗಿನಿಂದ ಬಂದ ರಾಜಮ್ಮ ಅವರ ಬಿಳಿ ಗಡ್ಡ, ಊದಿದ ಕಾಲು, ಕೈಯಲ್ಲಿದ್ದ ಭಾರದ ಚೀಲ ಎಲ್ಲವನ್ನೂ ಒಂದೇ ನೋಟದಲ್ಲಿ ನೋಡಿದಳು. ಗೋಡೆಯ ಬಳಿ ಚಾಪೆ ಬಿಡಿಸಿ, ಚೀಲಕ್ಕೆ ಕೈ ಹಾಕಿ ಇಸಿದುಕೊಂಡು ಹೇಳಿದಳು:

"ಅಲ್ಯಾಕ್ ನಿಂತ್ಕಂಡ್ರಿ ಅಣ್ಣಾ? ಬನ್ನಿ, ನಿಮ್ಮನೇನೇ. ಕಾಲ್ ಚಾಚ್ಕಂಡ್ ಕೂತ್ಕಳಿ."

ಉಸ್ತಾದರು ಕೂರಲಿಲ್ಲ. ನಿಂತಲ್ಲೇ ನನ್ನ ಕಡೆ ತಿರುಗಿದರು. ಅವರ ಮುಖ ಬೆಳಗಿತು.

"ಮೇಷ್ಟ್ರೇ! ಕೇಳುಸ್ತಾ? ನಿಮ್ಮನೇನೇ, ಅದು ಅಹಲ್! ಕಾಲ್ ಚಾಚ್ಕಳಿ, ಅದು ಸಹಲ್! ಮಟ್ಟಾಗಿರೋ ನೆಲ ಇಲ್ದೆ ಕಾಲ್ ಚಾಚಕ್ಕಾಯ್ತದಾ? ಬರ್ಕಳಿ, ಬರ್ಕಳಿ!"

ರಾಜಮ್ಮನಿಗೆ ಏನೂ ಅರ್ಥವಾಗಲಿಲ್ಲ. "ನಾನೇನ್ ತಪ್ಪಂದೆ?" ಎಂದು ಗಾಬರಿಯಾದಳು. ಉಸ್ತಾದರು ಕೂತು, ನಿಜಕ್ಕೂ ಕಾಲು ಚಾಚಿ, ಅವಳು ಕೊಟ್ಟ ಕಜ್ಜಾಯ ತಿನ್ನುತ್ತ ಎಲ್ಲವನ್ನೂ ವಿವರಿಸಿದರು. ಪದ್ಯದ ವಿಷಯಕ್ಕೂ ಬಂದರು. "ಪದದಾಗೆ ಇರೋದು ದೇವ್ರೇ ಕಣಮ್ಮ, ಅದ್ ದಿಟ. ಆದ್ರೆ ನೀ ಕೇಳಿದ್ದೂ ದಿಟ. ಮನೇಲಿರೋರ್ನ ಕಾಣ್ದೋನ್ಗೆ ಅವ್ನೆಂಗ್ ಕಂಡಾನು?" ನಾನು ಕಜ್ಜಾಯ ಕೈಯಲ್ಲಿ ಹಿಡಿದು, "ಕಜ್ಜಾಯ ಬಹಳ ಚೆನ್ನಾಗಿದೆ ರಾಜೀ" ಎಂದೆ. ಆ ಹೊತ್ತು ನಾನಾಡಿದ್ದು ಬರೀ ಅಷ್ಟೇ. ರಾಜಮ್ಮ ಸೆರಗು ಬಾಯಿಗೆ ಹಿಡಿದು ನಕ್ಕಳು. ನನ್ನ ಯಾವ ಭಾಷಣಕ್ಕೂ ಅಂಥ ಚಪ್ಪಾಳೆ ಬಂದಿರಲಿಲ್ಲ.

ಗೋಡೆಯ ಕೆಲಸ ಅಷ್ಟು ಸಲೀಸಾಗಿ ಮುಗಿಯಲಿಲ್ಲ. ಸಾಲನ್ನು ಓದಿ ಹೇಳಿದಾಗ ದರ್ಗಾದ ಹಿರಿಯರೊಬ್ಬರು ಹುಬ್ಬು ಗಂಟಿಕ್ಕಿದರು. ದೊಡ್ಡವರ ಗೋರಿಯಿರುವ ಜಾಗದಲ್ಲಿ ಕಾಲು ಚಾಚಿ ಎಂದು ಬರೆಯುವುದೇ? "ಬ್ಯಾಡ ಉಸ್ತಾದ್. ಸುಸ್ವಾಗತ ಅನ್ನಿ, ಸಾಕು." ಉಸ್ತಾದರು ವಾದಿಸಲಿಲ್ಲ. "ಗೋರಿ ಅತ್ಲಾಗದೆ, ಜಗ್ಲಿ ಇತ್ಲಾಗದೆ. ನೀವೇ ಕುಂತ್ ನೋಡಿ, ಆಮೇಲ್ ತೀರ್ಮಾನ ಏಳಿ" ಎಂದು ಜಗಲಿ ತೋರಿಸಿದರು. ಹಿರಿಯರಿಗೆ ಮಂಡಿ ನೋವು. ಕಂಬ ಹಿಡಿದು ಕೂತರು. ಒಂದು ಕ್ಷಣ ಕಾಲು ಮಡಿಸಿಕೊಂಡೇ ಇದ್ದರು. ಆಮೇಲೆ, ಯಾರ ಅಪ್ಪಣೆಯನ್ನೂ ಕೇಳದೆ, ಎರಡು ಕಾಲೂ ತಾವಾಗಿಯೇ ಮುಂದೆ ಸರಿದವು. "ಯಾ ಅಲ್ಲಾ!" ಎಂದು ಅವರು ಬಿಟ್ಟ ನಿಟ್ಟುಸಿರಿಗೆ ಸುತ್ತ ನಿಂತವರೆಲ್ಲ ನಕ್ಕರು. ಹಿರಿಯರೂ ನಕ್ಕು, "ಬರೀರಿ, ಬರೀರಿ" ಎಂದು ಕೈ ಬೀಸಿದರು.

ಎರಡು ದಿನ ಉಸ್ತಾದರು ಅಟ್ಟಣಿಗೆಯ ಮೇಲೆ ನಿಂತರು. ಪೊರೆಗಣ್ಣನ್ನು ಗೋಡೆಗೆ ಅಂಟಿಸಿಕೊಂಡೇ ಬರೆದರು. ಅರಬ್ಬಿ ಬಲದಿಂದ ಹೊರಟಿತು, ಕನ್ನಡ ಎಡದಿಂದ. ಎದುರುಬದುರು ಊರುಗಳಿಂದ ಹೊರಟ ನೆಂಟರು ನಡುದಾರಿಯಲ್ಲಿ ಸಿಕ್ಕಂತೆ ಕಂಡವು. ಮುಗಿದ ದಿನ ರಾಜಮ್ಮನನ್ನು ಬಸ್ಸಿನಲ್ಲಿ ಕರೆದುಕೊಂಡು ಹೋದೆ. ಅವಳು ತನ್ನದೇ ಮಾತನ್ನು ಗೋಡೆಯ ಮೇಲೆ ಮೊಳದುದ್ದದ ಹಸಿರು ಅಕ್ಷರಗಳಲ್ಲಿ ಓದಿದಳು. ಬನ್ನಿ, ನಿಮ್ಮ ಮನೆಯೇ, ಕಾಲು ಚಾಚಿ ಕೂರಿ. "ನನ್ ಬಾಯಲ್ಲಿ ಬಂದಿದ್ದು ಇಷ್ಟ್ ಚೆಂದಾಗಿತ್ತಾ?" ಎಂದು ಕೇಳಿದಳು. ಉಸ್ತಾದರು, "ಇದಕ್ಕಿಂತ್ಲೂ ಚೆಂದಾಗಿತ್ತು ಕಣಮ್ಮ, ಗೋಡೆ ಮೇಲೆ ದನಿ ಬರ್ಯಕ್ಕಾಗಲ್ಲ" ಎಂದರು. ಮೂವರೂ ತಲೆಯೆತ್ತಿ ನಿಂತು ನೋಡಿದೆವು. ಅಕ್ಷರದ ಬಳುಕು, ಚುಕ್ಕೆಯ ಅಳತೆ, ಅರ್ಥದ ಆಳ ಎಂದು ನಾನು ಅವಳಿಗೆ ವ್ಯಾಖ್ಯಾನ ಶುರು ಮಾಡಿದ್ದೆ.

ಅಷ್ಟರಲ್ಲಿ ಮಾರ್ಟಳ್ಳಿ ಕಡೆಯಿಂದ ಹರಕೆಗೆಂದು ಬಂದ ಒಬ್ಬ ಮುದುಕಿ ಒಳಗೆ ಬಂದಳು. ತಲೆಯ ಮೇಲೆ ಗಂಟು, ಕಾಲು ತುಂಬ ಧೂಳು. ಅವಳಿಗೆ ಕನ್ನಡವೂ ಓದಲು ಬರುತ್ತಿರಲಿಲ್ಲ, ಅರಬ್ಬಿಯೂ ಇಲ್ಲ. ಗೋಡೆಯ ಬರಹದ ಕಡೆ ಕಣ್ಣೆತ್ತಿಯೂ ನೋಡದೆ ಗಂಟು ಇಳಿಸಿ, ಕಂಬಕ್ಕೆ ಬೆನ್ನು ಕೊಟ್ಟು, ಎರಡು ಕಾಲನ್ನೂ ನೀಳವಾಗಿ ಚಾಚಿ ಕೂತಳು. ಆಮೇಲೆ ಕತ್ತು ಎತ್ತಿ ನಿಂತಿದ್ದ ನಮ್ಮನ್ನು ನೋಡಿ ಮರುಕಪಟ್ಟು, ಪಕ್ಕದ ನೆಲವನ್ನು ಅಂಗೈಯಿಂದ ತಟ್ಟಿ, ತಮಿಳು ಬೆರೆತ ಕನ್ನಡದಲ್ಲಿ ಕರೆದಳು.

"ಏನ್ ಸಾಮೀ, ನಿಂತೇ ಇದ್ದೀರಲ್ಲ? ಉಕ್ಕಾರುಂಗೋ, ಕೂತ್ಕಳಿ."

ನನ್ನ ವ್ಯಾಖ್ಯಾನ ಅಲ್ಲಿಗೇ ನಿಂತಿತು. ರಾಜಮ್ಮ ಮೊದಲು ಕೂತಳು, ಆಮೇಲೆ ಉಸ್ತಾದರು. ಕೊನೆಗೆ ನಾನೂ ಕೂತು ಕಾಲು ಚಾಚಿದೆ. ನೆಲ ಮಟ್ಟವಾಗಿತ್ತು.