ಕರಿಯನಿಗೆ ಕೊಟ್ಟ ಮಾತು

ಇವತ್ತು ಬೆಳಿಗ್ಗೆ ಚಳಿಗೆಂದು ಕಪಾಟಿನಿಂದ ಜಾಕೆಟ್ ಎಳೆದಾಗ ಅದರ ಜೊತೆ ಒಂದು ಕಂದು ಮಂಕಿ ಕ್ಯಾಪ್ ಕೆಳಗೆ ಬಿತ್ತು. ತಲೆನೋವಿನ ಮುಲಾಮಿನ ವಾಸನೆ ಇನ್ನೂ ಹೋಗಿರಲಿಲ್ಲ. ನಾನು ಬಗ್ಗುವಷ್ಟರಲ್ಲಿ ಕರಿಯ ತೆವಳಿಕೊಂಡು ಬಂದು ಅದರೊಳಗೆ ಮೂತಿ ತೂರಿಸಿದ. ಎಷ್ಟೋ ದಿನದಿಂದ ಅಲ್ಲಾಡದ ಬಾಲ ಒಮ್ಮೆ ನೆಲಕ್ಕೆ ಬಡಿಯಿತು.

ಆ ಟೋಪಿ, ಪರದೇಶದ ಈ ಕ್ಯಾರಲ್ಟನ್ ಊರಿನ ಅಪಾರ್ಟ್‌ಮೆಂಟಿನಲ್ಲಿ ನನ್ನ ಪಕ್ಕದ ಮನೆಯಲ್ಲಿದ್ದ ಮೇಷ್ಟ್ರದು. ಕರಿಯನೂ ಅವರದೇ ನಾಯಿ. ಮೇಷ್ಟ್ರು ಮೈಸೂರಿನವರು, ಇಲ್ಲಿನ ಕಾಲೇಜಿನಲ್ಲಿ ಗ್ರೀಕರ ಹಳೆಯ ಕಾವ್ಯಗಳ ಪಾಠ ಹೇಳಿ ನಿವೃತ್ತರಾಗಿದ್ದರು. ನಾನು ಏಳನೇ ಕ್ಲಾಸಿಗೆ ಸ್ಕೂಲು ಬಿಟ್ಟವನು. ದೋಸೆ ಕಾವಲಿಯ ಮುಂದೆ ನಿಂತೂ ನಿಂತೂ ಈ ಊರಲ್ಲಿ ನನ್ನದೇ ಒಂದು ಹೋಟೆಲ್ ಮಾಡಿಕೊಂಡೆ, ಯಾರ ಮುಂದೆಯೂ ಕೈ ಚಾಚಲಿಲ್ಲ. ಆದರೂ ಸಂಜೆ ಅವರಿಗೆ ಸಾರು ಕೊಡಲು ಹೋದರೆ ಕಥೆ ಕೇಳದೆ ಏಳುತ್ತಿರಲಿಲ್ಲ.

ಗ್ರೀಕರಲ್ಲಿ ನಾಯಿಯೆಂದರೆ ನಿಯತ್ತು ಎನ್ನುತ್ತಿದ್ದರು. ಯುದ್ಧಕ್ಕೆ ಹೋದ ರಾಜನೊಬ್ಬ ಇಪ್ಪತ್ತು ವರ್ಷದ ಮೇಲೆ ಭಿಕ್ಷುಕನ ವೇಷದಲ್ಲಿ ಮನೆಗೆ ಬರುತ್ತಾನೆ. ಮನುಷ್ಯರಿಗೆ ಗುರುತು ಸಿಗುವುದಿಲ್ಲ. ತಿಪ್ಪೆಯ ಮೇಲೆ ಬಿದ್ದಿದ್ದ ಅವನ ಮುದಿ ನಾಯಿ ಮಾತ್ರ ಕಿವಿ ಇಳಿಸಿ ಬಾಲ ಆಡಿಸುತ್ತದೆ. ಅಷ್ಟು ಮಾಡಿ ಪ್ರಾಣ ಬಿಡುತ್ತದೆ...

"ಅಯ್ಯೋ, ನೋಡಿದ ತಕ್ಷಣ ಸತ್ತೋಯ್ತಲ್ಲ ಸಾರ್," ಎಂದೆ.

"ಅದಕ್ಕಲ್ಲ ಕಣಯ್ಯ ಅಯ್ಯೋ ಅನ್ನೋದು. ಅವನು ಬರ್ದೇ ಇದ್ದಿದ್ರೆ? ಅದನ್ನ ಯೋಚ್ನೆ ಮಾಡು."

ಆಮೇಲೆ ಮೇಷ್ಟ್ರು ತುಂಬ ಹೊತ್ತು ಕರಿಯನ ತಲೆಯ ಮೇಲಿಂದ ಕೈ ತೆಗೆಯಲಿಲ್ಲ.

ಅವರ ಹೃದಯಕ್ಕೆ ಆಪರೇಷನ್ ಆಗಬೇಕಾಗಿ ಬಂತು. ಮಗಳು ಹ್ಯೂಸ್ಟನ್ನಿನಲ್ಲಿದ್ದಳು, ಅಲ್ಲೇ ಮಾಡಿಸುವುದೆಂದಾಯಿತು. ಕರಿಯ ನನ್ನ ಮನೆಗೆ ಬಂದ. "ಹೊರಡೋವಾಗ ನಾನು ಇವನಿಗೆ ಏನೂ ಹೇಳಲ್ಲ," ಎಂದಿದ್ದರು. "ಹೇಳಿದ್ರೆ ಕಾಯ್ತಾನೆ."

ಆದರೆ ನಮ್ಮವರ ಬಾಯಿ... ಮನೆ ಬಿಡುವಾಗ 'ಹೋಗ್ತೀನಿ' ಅನ್ನಬಾರದೆಂದು ಚಿಕ್ಕಂದಿನಿಂದ ಪಳಗಿದ ಬಾಯಿ. ಮಗಳ ಕಾರು ಹತ್ತುವಾಗ, ಹ್ಯೂಸ್ಟನ್ನಿನ ಸೆಕೆಗೆ ಇದ್ಯಾಕೆ ಎಂದು ಟೋಪಿ ತೆಗೆದು ನನ್ನ ಕೈಗಿಟ್ಟರು. ಕರಿಯನ ಕಡೆ ತಿರುಗಿ, "ಬರ್ತೀನಿ ಕಣೋ," ಅಂದುಬಿಟ್ಟರು. ಅಂದವರೇ ಬಾಯಿಗೆ ಕೈ ಅಡ್ಡ ಹಿಡಿದರು.

ನಾನು ನಗಿಸಲು ನೋಡಿದೆ. "ಬಿಡಿ ಸಾರ್, ನಾಯಿಗೇನ್ ಕನ್ನಡ ಬರುತ್ತಾ?"

"ನನ್ನ ಮೊಮ್ಮಕ್ಕಳಿಗಿಂತ ಚೆನ್ನಾಗಿ ಬರುತ್ತೆ," ಎಂದರು. ನಗಲಿಲ್ಲ.

ಕಾರು ತಿರುವು ದಾಟಿ ಹೋದರೂ ಕರಿಯನ ಕಿವಿ ನೆಟ್ಟಗೇ ಇತ್ತು.

ಆಪರೇಷನ್ ಟೇಬಲ್ಲಿನಿಂದ ಅವರು ಏಳಲಿಲ್ಲ. ಮಗಳು ಮನೆ ಖಾಲಿ ಮಾಡಲು ಬಂದ ದಿನ ಕರಿಯ ಅವಳ ಕಾರಿನ ಒಂದೊಂದೇ ಬಾಗಿಲು ಮೂಸಿದ. ವಾಪಸ್ ಬಂದು ನನ್ನ ಹೊಸ್ತಿಲಲ್ಲಿ ಮಲಗಿದ. "ಇಲ್ಲೇ ಇರ್ಲಿ ಬಿಡಮ್ಮ," ಎಂದೆ.

ಅದು ವರ್ಷಗಳ ಹಿಂದಿನ ಮಾತು. ಈಗ ಅವನ ಕಣ್ಣುಗಳಿಗೆ ಪೊರೆ ಬಂದಿದೆ, ಹಿಂಗಾಲುಗಳಲ್ಲಿ ಬಲವಿಲ್ಲ. ಹೊರಗೆ ಕಾರು ನಿಂತ ಸದ್ದಾದರೆ ಕಿವಿ ಮಾತ್ರ ಏಳುತ್ತದೆ. ಇವನು ಇನ್ನೂ ಹೇಗೆ ಉಸಿರಾಡುತ್ತಿದ್ದಾನೆ ಎಂದು ನಾಯಿ ಡಾಕ್ಟರು ಪ್ರತಿ ಸಲ ಕೇಳುತ್ತಾರೆ. ನನಗೆ ಗೊತ್ತು. ಬರ್ತೀನಿ ಅಂದವರು ಇನ್ನೂ ಬಂದಿಲ್ಲ.

ಇವತ್ತು ಆ ಟೋಪಿಯನ್ನು ಕೈಯಲ್ಲಿ ಹಿಡಿದು ನಿಂತಾಗ ಒಂದು ಯೋಚನೆ ಬಂತು. ಇದನ್ನು ಹಾಕಿಕೊಂಡು ಹೊರಗಿನಿಂದ ಒಳಗೆ ಬಂದರೆ... ಕಣ್ಣಿಲ್ಲದ ನಾಯಿಗೆ ವಾಸನೆ ಸಾಕು. ಪಾಪದ್ದು, ಕಾಯುವುದು ಮುಗಿದೀತು. ತಲೆಯವರೆಗೂ ತಂದೆ. ಆಗಲಿಲ್ಲ. ಮಾತು ಕೊಟ್ಟವರು ಅವರು. ಅವರ ವೇಷ ಹಾಕಲು ನಾನ್ಯಾರು?

ಟೋಪಿಯನ್ನು ಅವನ ಮೂತಿಯ ಹತ್ತಿರ ಇಟ್ಟೆ. ಹೋಟೆಲಿಗೆ ಹೊತ್ತಾಗಿತ್ತು. ಚಪ್ಪಲಿ ಮೆಟ್ಟುವಾಗ 'ಬರ್ತೀನಿ' ಅನ್ನುವ ಆ ಮಾತು ತನ್ನಷ್ಟಕ್ಕೇ ನಾಲಿಗೆಯ ತುದಿಗೆ ಬಂತು. ನುಂಗಿಕೊಂಡು, ಸದ್ದಾಗದಂತೆ ಬಾಗಿಲು ಎಳೆದುಕೊಂಡೆ.