ಆರು ಮರಿಯಲ್ಲಿ ಐದು ಸಂಘಕ್ಕೆ

ಕೆಂಚಕ್ಕ ಹುಟ್ಟಾ ಹೊಟ್ಟೆಕಿಚ್ಚಿನವಳಲ್ಲ. ಆ ಕಿಚ್ಚು ಅವಳಿಗೆ ತಗುಲಿದ ದಿನವನ್ನೂ ಜಾಗವನ್ನೂ ಬೆರಳಿಟ್ಟು ತೋರಿಸಬಹುದು. ೧೯೭೩ರ ಕಾರ್ತಿಕ ಮಾಸ, ಹಿರಿಯೂರು, ವಾರಗಿತ್ತಿ ಗಂಗಕ್ಕನ ಹೊಸ ಮನೆಯ ಹೊಸ್ತಿಲು. ಗೃಹಪ್ರವೇಶಕ್ಕೆ ಬಂದವಳು ಇನ್ನೇನು ಒಳಗೆ ಕಾಲಿಡಬೇಕು, ಗಂಗಕ್ಕ ಅಡ್ಡ ಬಂದು, "ಲೇ ಕೆಂಚಿ, ಕಾಲು ತೊಳ್ಕಂಡು ಬಾರೇ. ನೆಲಕ್ಕೆ ಪಾಲಿಶ್ ಮಾಡ್ಸೀವಿ, ಹೆಜ್ಜೆ ಮೂಡ್ತೈತೆ" ಅಂದಳು.

ಅಷ್ಟೇ ಮಾತು. ಆದರೆ ಅದನ್ನು ಹತ್ತು ಜನ ನೆಂಟರ ಮುಂದೆ ಅಂದದ್ದು. ಕೆಂಚಕ್ಕ ತುಟಿ ಕಚ್ಚಿಕೊಂಡು ಹೋಗಿ ನಲ್ಲಿಯಲ್ಲಿ ಕಾಲು ತೊಳೆದಳು. ಹೌದು, ಅಂಗಳದಲ್ಲೇ ನಲ್ಲಿ! ತಿರುವಿದರೆ ನೀರು! ಅವಳು ದಿನಾ ಎರಡು ಬೀದಿ ದಾಟಿ ಕೊಡ ಹೊತ್ತು ತರುತ್ತಿದ್ದ ನೀರು.

ಗಂಗಕ್ಕನ ಗಂಡ ಮುದ್ದಣ್ಣ ತಾಲ್ಲೂಕು ಕಚೇರಿಯಲ್ಲಿ ಗುಮಾಸ್ತ. ಅವನ ತಮ್ಮ ಚಿತ್ತಯ್ಯ, ಅಂದರೆ ಕೆಂಚಕ್ಕನ ಗಂಡ, ಸರ್ಕಾರಿ ಬಸ್ಸಿನ ಡ್ರೈವರು. ಬೆಳಿಗ್ಗೆ ಹಿರಿಯೂರು ಬಿಟ್ಟರೆ ಚಿತ್ರದುರ್ಗ, ಹೊಳಲ್ಕೆರೆ ಮುಟ್ಟಿ ಸಂಜೆಗೆ ವಾಪಸ್ಸು. ಸಂಬಳದಲ್ಲಿ ಅಣ್ಣ ತಮ್ಮಂದಿರಿಗೆ ಅಂಥಾ ವ್ಯತ್ಯಾಸವೇನಿರಲಿಲ್ಲ. ಆದರೂ ಅಣ್ಣನದು ತಾರಸಿ ಮನೆ, ಕೆಂಪು ಗಾರೆಯ ನೆಲ, ಬಾಗಿಲ ಮೇಲೆ ಸಿಮೆಂಟಿನಲ್ಲಿ ಕೊರೆಸಿದ ಹೆಸರು. ತಮ್ಮನದು ಬಾಡಿಗೆಯ ಮಣ್ಣು ಮಾಳಿಗೆ. ಮಳೆ ಹಿಡಿದರೆ ಮನೆಯ ಪಾತ್ರೆ ಪಡಗವೆಲ್ಲ ಸೋರುವ ನೀರಿಗೆ ಬಾಯಿ ತೆರೆದು ನೆಲದ ಮೇಲೆ ಸಾಲಾಗಿ ಕೂರುತ್ತಿದ್ದವು.

"ನಿಮ್ಮಣ್ಣಂಗೆ ಆಗಿದ್ದು ನಿಮಗ್ಯಾಕೆ ಆಗಲ್ಲ?" ಎಂದು ಕೆಂಚಕ್ಕ ಅವತ್ತೇ ಶುರು ಹಚ್ಚಿದಳು.

"ಅದು ಸಾಲದ ಮನೆ ಕಣೇ. ಗೃಹ ನಿರ್ಮಾಣ ಸಂಘದೋರು ಹದಿನೈದು ಸಾವ್ರ ಕೊಟ್ಟವ್ರೆ. ಇಪ್ಪತ್ತು ವರ್ಷ ಕಂತು ಕಟ್ಬೇಕು" ಅಂದ ಚಿತ್ತಯ್ಯ.

"ಸಾಲ ಆದ್ರೇನು, ತಲೆ ಮೇಲೆ ತಾರಸಿ ಐತಲ್ಲ!"

ಮೂರು ವರ್ಷ ಆ ತಾರಸಿ ಕೆಂಚಕ್ಕನ ತಲೆಯ ಮೇಲೇ ಕೂತಿತ್ತು. ಗಂಗಕ್ಕ ಏನು ಮಾಡಿದರೂ ಇವಳಿಗೆ ಮೆಣಸಿನಕಾಯಿ ಅರೆದು ಹಚ್ಚಿದಂತೆ. ಹೋದಾಗಲೆಲ್ಲ ಗಂಗಕ್ಕ ಹಾಲಿಲ್ಲದ ಕರಿ ಟೀ ಕೊಡುತ್ತಿದ್ದಳು; ಅಯ್ಯೋ ಜಿಪುಣಿ, ಇಂಥಾ ಮನೆ ಇಟ್ಕಂಡು ಒಂದು ಪಾವು ಹಾಲಿಗೆ ಗತಿ ಇಲ್ವೇ ಅಂತ ಇವಳು ಮನಸ್ಸಿನಲ್ಲೇ ಬಯ್ಯುತ್ತಿದ್ದಳು. ಗಂಗಕ್ಕನ ಕಿವಿಯ ಬಂಗಾರದ ಓಲೆ ಹೋಗಿ ಗಿಲೀಟಿನದು ಬಂತು; ಕಳ್ಳರ ಭಯಕ್ಕೆ ಪೆಟ್ಟಿಗೆಯಲ್ಲಿ ಬಚ್ಚಿಟ್ಟವಳೆ, ಎಷ್ಟು ಕೊಬ್ಬು ಅಂತ ಇವಳ ಲೆಕ್ಕ. ಎರಡು ಕಿಟಕಿಗೆ ಬಾಗಿಲೇ ಇಡಿಸದೆ ಗೋಣಿಚೀಲ ಕಟ್ಟಿದ್ದರು. ಗಾಳಿಗೆ ಅಂತ ಗಂಗಕ್ಕ ಹೇಳಿದಳು, ಇವಳು ನಂಬಿದಳು. ಹೊಟ್ಟೆ ಉರಿಯುವವರಿಗೆ ಕಣ್ಣು ಚುರುಕು ಅನ್ನುತ್ತಾರೆ. ಸುಳ್ಳು. ಎದುರಿಗಿದ್ದದ್ದೇ ಕೆಂಚಕ್ಕನಿಗೆ ಕಾಣಲಿಲ್ಲ.

೧೯೭೬ರಲ್ಲಿ ಕೊನೆಗೂ ಅವಳು ಪಟ್ಟು ಹಿಡಿದು ಗಂಡನನ್ನು ಒಪ್ಪಿಸಿದಳು. ಅದೇ ಸಂಘ, ಅದೇ ಹದಿನೈದು ಸಾವಿರ, ತಿಂಗಳಿಗೆ ನೂರ ಮೂವತ್ತೈದು ರೂಪಾಯಿ ಕಂತು. ಆದರೆ ಸಂಘದವರು ಸಾಲ ಕೊಡುವ ಮೊದಲು ಮೂರು ಸಾವಿರ ತಾವೇ ಮುಂಗಡವಾಗಿ ಕಟ್ಟಬೇಕು. ಮೂರು ಸಾವಿರ ಎಲ್ಲಿಂದ ಬರಬೇಕು? ಕೆಂಚಕ್ಕನ ಕುರಿಯಿಂದ.

ಆ ಕುರಿಗಳ ವಿಷಯ ಹೇಳಬೇಕು. ಯಲ್ಲದಕೆರೆಯ ಕಡೆಯ ಹಟ್ಟಿಯಿಂದ ಮದುವೆಯಾಗಿ ಬರುವಾಗ ಅಪ್ಪ ಅವಳಿಗೆ ಐದು ಹೆಣ್ಣು ಮರಿ ಬಳುವಳಿ ಕೊಟ್ಟಿದ್ದ. ಪೇಟೆಯಲ್ಲಿ ಕುರಿ ಸಾಕುವುದೆಲ್ಲಿ? ಅಣ್ಣ ಜುಂಜಯ್ಯನ ಹಿಂಡಿನಲ್ಲೇ ಪಾಲಿಗೆ ಬಿಟ್ಟಳು. ಪಾಲು ಅಂದರೆ ಸರಳ. ತಾಯಿ ಕುರಿ ಯಾವತ್ತಿದ್ದರೂ ಒಡತಿಯದು. ಮೇಯಿಸಿದವನಿಗೆ ಹುಟ್ಟಿದ ಮರಿಯಲ್ಲಿ ಅರ್ಧ, ಒಡತಿಗೆ ಅರ್ಧ. ಕುರಿ ಸತ್ತರೆ ಚರ್ಮ ತಂದು ತೋರಿಸಬೇಕು. ಕಾಗದವಿಲ್ಲ, ಸಹಿಯಿಲ್ಲ, ಜಗಳವಿಲ್ಲ. ಹನ್ನೊಂದು ವರ್ಷದಲ್ಲಿ ಐದು ಹೋಗಿ ಮೂವತ್ತೆಂಟು ಆಗಿದ್ದವು. ಲೋಕದಲ್ಲಿ ಕೆಂಚಕ್ಕನದು ಅಂತ ಇದ್ದದ್ದು ಅವಷ್ಟೇ.

ಮೂವತ್ತೆಂಟನ್ನೂ ಮಾರುವುದು ಅಂತ ಆಯಿತು. ಸಂತೆಯ ಹಿಂದಿನ ವಾರವೇ ಗಂಗಕ್ಕನ ಮನೆಗೆ ಹೋಗಿ, ಆ ಕರಿ ಟೀ ಕುಡಿಯುತ್ತಾ, ಬೇಕಂತಲೇ ಸುದ್ದಿ ಮುಟ್ಟಿಸಿದಳು: "ನಾವೂ ಕಟ್ಟಿಸ್ತೀವಿ ಕಣಕ್ಕ, ತಾರಸಿ ಮನೆ. ನನ್ನ ಕುರಿ ಎಲ್ಲಾ ಸಂತೆಗೆ ಹೊಡಸ್ತಾ ಇದೀನಿ."

ಗಂಗಕ್ಕ ಲೋಟ ನೋಡುತ್ತಾ, "ಒಳ್ಳೇದು ಕಣೇ. ಮಾಡು" ಅಂದಳು. ಉರೀತು ನೋಡು ಇವಳಿಗೂ ಅಂತ ಕೆಂಚಕ್ಕ ಹಿಗ್ಗಿದಳು.

ಸಂತೆಯ ದಿನ ಜುಂಜಯ್ಯ ಕುರಿ ಹೊಡೆದುಕೊಂಡು ಹಿರಿಯೂರಿಗೆ ಬಂದ. ಅದೇ ಬೆಳಿಗ್ಗೆ ಗಂಡ ಹೆಂಡತಿ ಅರ್ಜಿಗೆ ಸಹಿ ಹಾಕಲು ಚಿತ್ರದುರ್ಗದ ಬಸ್ಸು ಹತ್ತಿದರು. ಸಂಘದ ಗುಮಾಸ್ತರು ರೇವಣಸಿದ್ದಪ್ಪ ಅಂತ, ವಯಸ್ಸಾದವರು, ಕನ್ನಡಕಕ್ಕೆ ದಾರ ಕಟ್ಟಿಕೊಂಡಿದ್ದರು. "ಬರ್ರಿ, ಕುಂತ್ಕಳ್ರಿ" ಅಂತ ಕಾಗದ ಹರವಿದರು.

ಚಿತ್ತಯ್ಯ ಪೆನ್ನು ಎತ್ತಿದ. ಕೆಂಚಕ್ಕ ಅವನ ಕೈ ಹಿಡಿದಳು. ಓದು ಬಾರದವಳು, ಆದರೆ ಪಾಲು ಕೇಳದೆ ಅವಳು ಒಂದು ಮರಿಯನ್ನೂ ಯಾರಿಗೂ ಬಿಟ್ಟವಳಲ್ಲ.

"ಅಲ್ಲ ಸ್ವಾಮಿ, ಈ ನೂರ ಮೂವತ್ತೈದರಲ್ಲಿ ನಮ್ಮ ಪಾಲೆಷ್ಟು, ನಿಮ್ಮ ಪಾಲೆಷ್ಟು?"

"ಏನಮ್ಮ ಹಂಗಂದ್ರೆ?"

"ಸಾಲ ತೀರಕ್ಕೆ ಎಷ್ಟು ಹೋಗ್ತೈತೆ, ಬಡ್ಡಿಗೆ ಎಷ್ಟು? ಅರ್ಧಕ್ಕರ್ಧ ತಾನೆ?"

ಅರ್ಧಕ್ಕರ್ಧ ಅನ್ನುವುದು ಅವಳ ಮನಸ್ಸಿನಲ್ಲಿ ಕಲ್ಲಿನ ಗೆರೆಯ ಹಾಗಿತ್ತು. ಮೇಯಿಸಿದವನಿಗೆ ಅರ್ಧ; ಇದರಲ್ಲಿ ಮೇಯಿಸುವವರು ನಾವು. ಬೇರೆ ಲೆಕ್ಕ ಲೋಕದಲ್ಲಿ ಉಂಟೇ?

ರೇವಣಸಿದ್ದಪ್ಪನವರು ಕನ್ನಡಕ ತೆಗೆದು ಅವಳನ್ನು ನೋಡಿದರು. "ಇಪ್ಪತ್ತು ವರ್ಷದಿಂದ ಈ ಕುರ್ಚಿಯಲ್ಲಿ ಕುಂತೀನಿ. ಇದನ್ನ ಕೇಳ್ದೋಳು ನೀನೇ ಮೊದಲ್ನೇಯೋಳು ಕಣಮ್ಮ. ಅಡಿಕೆ ಐತಾ?"

ಕೆಂಚಕ್ಕ ಸಂಚಿ ಬಿಚ್ಚಿ ಆರು ಅಡಿಕೆ ಹೋಳು ಮೇಜಿನ ಮೇಲಿಟ್ಟಳು. "ಇದು ನಿನ್ನ ಮೊದಲ್ನೇ ಕಂತು ಅಂತ ತಿಳ್ಕ" ಎಂದು ಅವರು ಒಂದೊಂದೇ ಹೋಳನ್ನು ತಮ್ಮ ಕಡೆ ಎಳೆದುಕೊಂಡರು. ಒಂದು. ಎರಡು. ಮೂರು. ಇಲ್ಲಿಗೆ ನಿಲ್ಲುತ್ತದೆ ಅಂತ ಕೆಂಚಕ್ಕ ಕಾದಳು. ನಾಲ್ಕು. ಐದು.

"ಇವು ಬಡ್ಡಿಗೆ. ಉಳಿದಿದ್ದು ಒಂದೇ ಅಸಲಿಗೆ. ನೂರ ಮೂವತ್ತೈದರಲ್ಲಿ ನೂರ ಹನ್ನೆರಡೂವರೆ ನಮಗೆ, ಇಪ್ಪತ್ತೆರಡೂವರೆ ನಿನ್ನ ಸಾಲ ತೀರಕ್ಕೆ. ಅಸಲು ಕರಗ್ತಾ ಹೋದಂಗೆ ನಿನ್ನ ಪಾಲು ಹೆಚ್ತೈತೆ, ಆದ್ರೆ ಆಮೆ ನಡಿಗೆ. ಮೂರು ವರ್ಷ ಕಟ್ಟಿದ್ರೂ ಹದಿನೈದು ಸಾವ್ರದಲ್ಲಿ ಸಾವ್ರ ಕೂಡ ಇಳಿಯಲ್ಲ."

"ಇಪ್ಪತ್ತು ವರ್ಷಕ್ಕೆ ಒಟ್ಟು?"

"ಮೂವತ್ತೆರಡು ಸಾವ್ರದ ನಾನೂರು."

ಕೆಂಚಕ್ಕ ಕುರ್ಚಿಯ ತುದಿಗೆ ಜರುಗಿದಳು. "ಅಯ್ಯೋ ಶಿವನೇ! ಆರು ಮರಿಯಲ್ಲಿ ಐದು ನಿಮಗಾ? ತಾಯಿ ಕುರೀನೂ ನಿಮ್ಮದೇ, ಮೇಯ್ಸೋರು ನಾವು, ಸತ್ರೆ ಚರ್ಮ ಸುಲಿಯೋರೂ ನಾವು! ಯಾವ ಹಟ್ಟೀಲೈತೆ ಸ್ವಾಮಿ ಇಂಥಾ ಪಾಲು?"

ರೇವಣಸಿದ್ದಪ್ಪನವರಿಗೆ ನಗು ಬಂತು. "ಕೈಯಲ್ಲಿ ದುಡ್ಡಾದಾಗ ಅಸಲಿಗೆ ಅಂತ ಬರೆಸಿ ಬೇರೆ ಕಟ್ಟಬೌದಮ್ಮ. ಶುರುವಿನ ವರ್ಷಗಳಲ್ಲಿ ನೂರು ರೂಪಾಯಿ ಹಂಗೆ ಕಟ್ಟಿದ್ರೆ ಕೊನೇಲಿ ಮೂರು ಕಂತು ಉದುರ್ತವೆ. ಯಾರೂ ಕಟ್ಟಲ್ಲ, ಅದು ಬೇರೆ ಮಾತು."

ಕೆಂಚಕ್ಕ ಅಡಿಕೆಯನ್ನು ಬಾಚಿ ಸಂಚಿಗೆ ತುಂಬಿಕೊಂಡು ಎದ್ದಳು. "ಎದ್ದೇಳ್ರಿ, ಹೋಗಾಣ. ನನ್ನ ಕುರಿ!"

ಬಸ್ಸು ಯಾವತ್ತೂ ಅಷ್ಟು ನಿಧಾನ ಹೋಗಿರಲಿಲ್ಲ. ಅವಳು ಸಂತೆಗೆ ಓಡಿ ಬಂದಾಗ ಮಧ್ಯಾಹ್ನ ಮೀರಿತ್ತು. ವ್ಯಾಪಾರಿ ಕಾಟಲಿಂಗಪ್ಪ ಮುಂಗಡ ಕೊಟ್ಟು, ಮೂವತ್ತೆಂಟು ಕುರಿಗೂ ಬೆನ್ನ ಮೇಲೆ ಕೆಂಪು ಬಣ್ಣದ ಗುರುತು ಹಾಕಿ, ಲಾರಿಗೆ ಹತ್ತಿಸಲು ನಿಂತಿದ್ದ. ಕೆಂಚಕ್ಕ ಲಾರಿಗೆ ಅಡ್ಡ ನಿಂತಳು. ಕಾಟಲಿಂಗಪ್ಪ ರೇಗಿದ, ಜುಂಜಯ್ಯ ತಲೆ ಕೆರೆದುಕೊಂಡ, ಸಂತೆಗೆ ಸಂತೆಯೇ ಸುತ್ತ ನೆರೆಯಿತು. ಕೊನೆಗೆ ನಾಲ್ಕು ಜನ ಹಿರಿಯರು ತೀರ್ಮಾನ ಹೇಳಿದರು: ಮುಂಗಡ ವಾಪಸ್ಸು ಕೊಡಬೇಕು, ಮಾತು ಕೊಟ್ಟು ತಪ್ಪಿದ್ದಕ್ಕೆ ದಂಡ ಎರಡು ಕುರಿ. ಕೆಂಚಕ್ಕ ಎರಡನ್ನು ಬಿಟ್ಟು ಮೂವತ್ತಾರನ್ನು ಬಿಡಿಸಿಕೊಂಡಳು. ಹೋದ ಎರಡರಲ್ಲಿ ಒಂದು ಅಪ್ಪ ಕೊಟ್ಟ ಕುರಿಯ ಮೊದಲ ಮರಿ. ಅದಕ್ಕೆ ಕಣ್ಣೀರು ಹಾಕಿದಳು.

ಕಣ್ಣು ಒರೆಸಿಕೊಂಡ ಮೇಲೆ, ನಿಜ ಹೇಳಬೇಕೆಂದರೆ, ಅವಳಿಗೆ ಸಂತೋಷವಾಯಿತು. ಎಂಥಾ ಸಂತೋಷ! ಮೂರು ವರ್ಷದ ಕಿಚ್ಚಿಗೆ ಕೊಡ ನೀರು ಸುರಿದಂತೆ. ಗಂಗಕ್ಕ ಮೆರೆದಾಡುತ್ತಿದ್ದ ಮನೆ ಅವಳದಲ್ಲವೇ ಅಲ್ಲ! ಮೂರು ವರ್ಷ ಕಂತು ಕಟ್ಟಿ ಒಂದು ಮೂಲೆ ಕೂಡ ಅವಳದಾಗಿಲ್ಲ! ಇದನ್ನು ಅವಳ ಮುಖಕ್ಕೇ ಹೇಳಬೇಕು, ಹೇಳುವಾಗ ಆ ಮುಖ ನೋಡಬೇಕು. ಕೆಂಚಕ್ಕ ಸಂತೆಯಿಂದ ನೆಟ್ಟಗೆ ಅಲ್ಲಿಗೇ ನಡೆದಳು. ಕಾಲು ತೊಳೆಯದೆ, ಕುರಿಯ ಧೂಳಿನ ಕಾಲಲ್ಲೇ ಒಳಗೆ ಹೋಗಿ ಪಾಲಿಶ್ ನೆಲದ ಮೇಲೆ ಕುಕ್ಕರಿಸಿದಳು.

"ಬಾರಕ್ಕ ಇಲ್ಲಿ. ನಿನಗೊಂದು ಲೆಕ್ಕ ತೋರಿಸ್ತೀನಿ" ಎಂದು ಸಂಚಿ ಬಿಚ್ಚಿ ಆರು ಹೋಳು ಸಾಲಾಗಿ ಇಟ್ಟಳು. "ಇದು ನಿನ್ನ ಕಂತು ಅಂತ ತಿಳ್ಕ."

ಗಂಗಕ್ಕ ಎದುರಿಗೆ ಕೂತು ಹೋಳುಗಳನ್ನು ನೋಡಿದಳು. ಕೆಂಚಕ್ಕ ಕೈ ಚಾಚುವ ಮೊದಲೇ ತಾನೇ ಬೆರಳಿನಿಂದ ಐದು ಹೋಳನ್ನು ಆಚೆಗೆ ತಳ್ಳಿದಳು. ಒಂದನ್ನು ತನ್ನ ಕಡೆ ಉಳಿಸಿಕೊಂಡಳು.

ಕೆಂಚಕ್ಕ ಆ ಒಂಟಿ ಹೋಳನ್ನೇ ದಿಟ್ಟಿಸಿದಳು.

"ಗೊತ್ತಿಲ್ಲ ಅಂದ್ಕಂಡ್ಯಾ?" ಅಂದಳು ಗಂಗಕ್ಕ. "ಮೊದಲ್ನೇ ವರ್ಷಾನೇ ನಿಮ್ಮ ಭಾವ ಪಾಸ್‌ಬುಕ್ ಓದಿ ಹೇಳಿದ್ರು. ಸಾವ್ರದ ಆರುನೂರ ಇಪ್ಪತ್ತು ಕಟ್ಟಿದ್ವಿ, ಅಸಲು ಇಳಿದಿದ್ದು ಇನ್ನೂರ ಎಂಬತ್ತೊಂದು. ಅವತ್ತಿಂದ ಹಾಲು ಬಿಡಿಸ್ದೆ. ಆಮೇಲೆ ಓಲೆ ಹೋತು. ಕಿಟಕಿಗೆ ಬಾಗಿಲು ಇನ್ನೂ ಇಡ್ಸಕ್ಕಾಗಿಲ್ಲ."

"ಮತ್ತೆ ಹೋದ ವಾರ ನಾನು ಬಾಯಿ ಬಿಟ್ಟು ಹೇಳಿದ್ನಲ್ಲೇ ಗಂಗಕ್ಕ! ಕುರಿ ಮಾರ್ತೀನಿ ಅಂದಾಗ ಮಾಡು ಅಂದ್ಯಲ್ಲೇ!"

"ಅಂದೆ." ಗಂಗಕ್ಕ ತಲೆ ಎತ್ತಲಿಲ್ಲ. "ನನ್ನಪ್ಪ ಕೊಟ್ಟ ಕುರೀನ ಹೊಸದುರ್ಗದ ಸಂತೇಲಿ ಮಾರಿ ಈ ಮನೆಗೆ ಮುಂಗಡ ಕಟ್ಟಿದ್ದು. ಒಂದು ಮರೀನೂ ಉಳೀಲಿಲ್ಲ. ನಿನ್ನವು ಮೂವತ್ತೆಂಟು ಆಗಿದ್ವು. ಪ್ರತಿ ಸಲ ಬಂದು ಈ ಕುರಿ ಈಯ್ತು, ಆ ಕುರಿ ಈಯ್ತು ಅಂತಿದ್ದೆ. ಹೊಟ್ಟೆ ಉರೀತಿತ್ತು ಕಣೇ. ನಿನ್ನವೂ ಹೋಗ್ಲಿ ಅಂತ ಅನ್ನಿಸ್ತು."

ಗೋಣಿಚೀಲದ ಪರದೆ ಗಾಳಿಗೆ ಪಟಪಟ ಅನ್ನುತ್ತಿತ್ತು.

"ಇನ್ನೊಂದು ಹೇಳ್ತೀನಿ, ಬೈಬೇಡ" ಅಂದಳು ಗಂಗಕ್ಕ. "ತಿಂಗಳು ತಿಂಗಳು ಅಷ್ಟು ದುಡ್ಡು ಸುರಿದು ನನಗೆ ಅಂತ ಸಿಕ್ಕಿದ್ದು ಒಂದೇ. ನೀನು ಬಾಗ್ಲಲ್ಲಿ ನಿಂತು ಈ ಮನೆ ನೋಡ್ತಿದ್ದ ನೋಟ. ಅದನ್ನ ನೋಡಿದ ದಿನ ಕರಿ ಟೀನೂ ರುಚಿ ಆಗ್ತಿತ್ತು. ಅದನ್ನೂ ಇವತ್ತು ಕಿತ್ಕಂಡ್ಯಲ್ಲೇ ಕೆಂಚಿ." ಹಾಗಂದು ಸೆರಗು ಬಾಯಿಗೊತ್ತಿಕೊಂಡು ಅತ್ತುಬಿಟ್ಟಳು.

ಕೆಂಚಕ್ಕ ಎದ್ದು ಬಾಗಿಲ ತನಕ ಹೋದಳು. ನೆಲದ ಮೇಲೆ ತನ್ನದೇ ಧೂಳು ಹೆಜ್ಜೆ ಕಂಡಿತು. ಮೂರು ವರ್ಷ ಅನ್ನ ನೀರು ಸೇರದಂತೆ ತಾನು ಕರುಬಿದ್ದು ಯಾರ ಮನೆಗೆ? ಆ ದಾರದ ಕನ್ನಡಕದ ಗುಮಾಸ್ತರ ಸಂಘದ ಮನೆಗೆ! ಅವಳಿಗೆ ಗಂಗಕ್ಕನಿಗಿಂತ ಹೆಚ್ಚಾಗಿ ತನ್ನ ಮೇಲೇ ಸಿಟ್ಟು ಬಂತು. ತಿರುಗಿ ಬಂದು ಸೊಂಟಕ್ಕೆ ಕೈಯಿಟ್ಟು ನಿಂತಳು.

"ಅತ್ತಿದ್ದು ಸಾಕು, ಕೇಳು. ನನ್ನ ಹಿಂಡಲ್ಲಿ ಐದು ಕುರಿ ನಿನಗೆ ಅಂತ ಗುರುತು ಮಾಡ್ತೀನಿ. ಅಣ್ಣನ ಹತ್ರಾನೇ ಇರ್ತವೆ. ಅವುಗಳಿಂದ ನನ್ನ ಪಾಲಿಗೆ ಬರೋ ಮರಿ ಮಾರಿದ ದುಡ್ಡು ನಿನಗೆ. ಹಾಲಿಗಲ್ಲ, ಓಲೆಗಲ್ಲ. ಅಸಲಿಗೆ ಅಂತ ಬರೆಸಿ ಕಟ್ಬೇಕು. ರಸೀತಿ ನಂಗೆ ತೋರಿಸ್ಬೇಕು. ಸಾಲ ತೀರಿದ ದಿನ ನನ್ನ ತಾಯಿ ಕುರಿ ಐದೂ ನಂಗೆ ವಾಪಸ್ಸು."

ಗಂಗಕ್ಕ ಕಣ್ಣು ಒರೆಸಿಕೊಳ್ಳುವುದನ್ನೇ ಮರೆತು ನೋಡಿದಳು. "ಯಾಕೆ ಕೊಡ್ತೀಯೇ? ನಾನು ನಿನಗೆ ಮಾಡಿದ್ದು ಕೇಳಿದ ಮೇಲೂ?"

"ಯಾಕಾ? ಮೂರು ವರ್ಷ ಯಾರದೋ ಸಂಘದೋರ ಮನೆ ನೋಡಿ ಹೊಟ್ಟೆ ಉರ್ಕಂಡ್ನಲ್ಲ, ಥೂ, ನನ್ನ ಜನ್ಮಕ್ಕಿಷ್ಟು! ಮೊದ್ಲು ಇದು ನಿನ್ನ ಮನೆ ಆಗ್ಲಿ. ಆಮೇಲೆ ಬಂದು ಸರಿಯಾಗಿ ಹೊಟ್ಟೆ ಉರ್ಕಂತೀನಿ."