ಮಂಜುಗಡ್ಡೆಯ ಮೇಲೆ ಕೇಳಿದ ಓರಿಯನ್ ಕಥೆ

ಸ್ವೀಡನ್ನಿನ ಸುಂಡ್‌ಬೀಬರ್ಯ್‌ನ ಬಾಡಿಗೆ ಫ್ಲ್ಯಾಟಿಗೆ ಬಂದ ಮೊದಲ ಚಳಿಗಾಲದಲ್ಲಿ ನನಗಿದ್ದ ಒಬ್ಬಳೇ ಗೆಳತಿಗೆ ಎಪ್ಪತ್ತು ದಾಟಿತ್ತು. ಎರಡು ಸಾವಿರದ ದಶಕದ ಮೊದಲ ವರ್ಷಗಳು ಅವು. ನನ್ನವರು ಬೆಳಕು ಹರಿಯುವ ಮೊದಲೇ ಕಿಸ್ಟಾದ ಆಫೀಸಿಗೆ ಹೊರಟು ಕತ್ತಲಾದ ಮೇಲೆ ಬರುತ್ತಿದ್ದರು. ನಾನು ಸ್ವೀಡಿಷ್ ತರಗತಿ ಮುಗಿಸಿ ಮನೆ ಸೇರಿದರೆ ಮಾತಾಡಲು ಯಾರೂ ಇರಲಿಲ್ಲ.

ಒಂದು ದಿನ ನೆಲಮಾಳಿಗೆಯ ಲಾಂಡ್ರಿ ಕೋಣೆಯಲ್ಲಿ ಕಪ್ಪು ಕೋಟಿನ ಮುದುಕಿಯೊಬ್ಬರು ಯಂತ್ರಕ್ಕೆ ಮೂಗು ತಾಗಿಸಿ ನಿಂತಿದ್ದರು. "ಇಲ್ಲಿ ಎಷ್ಟು ಡಿಗ್ರಿ ಅಂತ ಬರೆದಿದೆ, ಓದಿ ಹೇಳ್ತೀಯಾ?" ಎಂದರು. ಎರಡೂ ಕಣ್ಣಿಗೆ ಪೊರೆ ಬಂದಿತ್ತು. ನಮ್ಮ ಕೆಳಗಿನ ಮಹಡಿಯಲ್ಲೇ ಅವರ ಮನೆ. ಗ್ರೀಸಿನ ಖಿಯೋಸ್ ಎಂಬ ದ್ವೀಪದವರು. ಹರೆಯದಲ್ಲಿ ಕಾರ್ಖಾನೆ ಕೆಲಸಕ್ಕೆಂದು ಬಂದವರು ಇಲ್ಲೇ ಮದುವೆಯಾಗಿ ಇಲ್ಲೇ ಉಳಿದಿದ್ದರು. ಗಂಡ ತೀರಿಕೊಂಡು ಬಹಳ ವರ್ಷವಾಗಿತ್ತು. ನಾನು ಅವರನ್ನು ಅಜ್ಜಿ ಎಂದು ಕರೆಯತೊಡಗಿದೆ. ಅರ್ಥ ಹೇಳಿದಾಗ ನಕ್ಕು ಒಪ್ಪಿಕೊಂಡರು. ನಮ್ಮಿಬ್ಬರ ಸ್ವೀಡಿಷೂ ನಿಧಾನದ್ದು, ತಪ್ಪುತಪ್ಪಾದದ್ದು. ಅದಕ್ಕೇ ಇರಬೇಕು, ಒಬ್ಬರ ಮಾತು ಇನ್ನೊಬ್ಬರಿಗೆ ಚೆನ್ನಾಗಿ ತಿಳಿಯುತ್ತಿತ್ತು.

ಜನವರಿಯ ಕೊನೆಗೆ ಒಂದು ಸಂಜೆ ಅಜ್ಜಿ ನನ್ನ ತೋಳು ಹಿಡಿದು, "ನಡಿ, ಕೆರೆಗೆ ಹೋಗೋಣ" ಎಂದರು. ಆಗಲೇ ದಟ್ಟ ಕತ್ತಲು. ಹತ್ತಿರದ ಕೆರೆ ಪೂರ್ತಿ ಹೆಪ್ಪುಗಟ್ಟಿತ್ತು. ಅದರ ಮೇಲೆ ಮಕ್ಕಳು ಜಾರುತ್ತಿದ್ದರು. ಒಬ್ಬ ಅಪ್ಪ ಕೂಸಿನ ಗಾಡಿಯನ್ನೇ ತಳ್ಳಿಕೊಂಡು ಹೋಗುತ್ತಿದ್ದ. ನಾನು ದಡದಲ್ಲೇ ನಿಂತುಬಿಟ್ಟೆ. ನೀರಿನ ಮೇಲೆ ಕಾಲಿಡುವುದೆಂದರೇನು!

"ಕಣ್ಣು ಕಾಣೋ ನಿನಗೇ ಭಯವಾ?" ಎಂದು ಅಜ್ಜಿ ನನ್ನನ್ನು ಎಳೆದುಕೊಂಡೇ ಇಳಿದರು.

ಸ್ವಲ್ಪ ದೂರ ನಡೆದಿದ್ದೆವು. ಕಾಲಡಿಯಲ್ಲೆಲ್ಲೋ ಹೊರಟ ಸದ್ದು ಗುಡುಗಿನಂತೆ ಉರುಳುತ್ತ ಆಚೆ ದಡದವರೆಗೆ ಹೋಯಿತು. ನಾನು ಚೀರಿದೆ.

"ಒಡೀತಾ ಇಲ್ಲ, ಬೆಳೀತಾ ಇದೆ," ಎಂದರು ಅಜ್ಜಿ. "ಮಂಜುಗಡ್ಡೆ ದಪ್ಪವಾಗುವಾಗ ಹೀಗೇ ಸದ್ದು ಮಾಡೋದು. ಮೇಲೆ ನೋಡು. ಏನೇನಿದೆ, ನನಗೆ ಹೇಳು."

ತಲೆಯೆತ್ತಿದೆ. ಆಗ್ನೇಯದಲ್ಲಿ, ಕಪ್ಪು ಕಾಡಿನ ನೆತ್ತಿಯ ಮೇಲೆ, ನಾನು ಚಿಕ್ಕಂದಿನಿಂದ ಕಂಡ ಮೃಗಶಿರ ನಿಂತಿತ್ತು. ಇಷ್ಟು ದೊಡ್ಡದಾಗಿ ಅದನ್ನು ನೋಡಿರಲಿಲ್ಲ. ಒಂದೇ ಸಾಲಿನಲ್ಲಿ ಮೂರು ಚುಕ್ಕಿ, ಅದರ ಮೇಲೊಂದು ಕೆಂಪು ಚುಕ್ಕಿ, ಕೆಳಗೊಂದು ಬೆಳ್ಳಗಿನದು ಎಂದು ವಿವರಿಸಿದೆ. ಆ ಮೂರು ಚುಕ್ಕಿ ಶಿವ ಬಿಟ್ಟ ಬಾಣ, ಅದು ತಾಗಿದ್ದು ಜಿಂಕೆಯಾಗಿ ಓಡುತ್ತಿದ್ದ ಬ್ರಹ್ಮನಿಗೆ ಎಂದು ನಮ್ಮಪ್ಪ ಹೇಳುತ್ತಿದ್ದರೆಂದೂ ಸೇರಿಸಿದೆ.

ಅಜ್ಜಿಯ ಹಿಡಿತ ಬಿಗಿಯಾಯಿತು. "ಓರಿಯನ್ ಅವನು. ನಮ್ಮ ದ್ವೀಪದಲ್ಲೇ ಅವನ ಕಣ್ಣು ಕಿತ್ತದ್ದು."

ನಡೆಯುತ್ತ ನಡೆಯುತ್ತ ಹೇಳಿದರು. ಓರಿಯನ್ ಸಮುದ್ರದೇವನ ಮಗ, ದೈತ್ಯ. ನೀರಿನ ಮೇಲೆ ನಡೆಯುವ ವರ ಅವನಿಗಿತ್ತು. ಖಿಯೋಸಿಗೆ ಅಲೆಗಳ ಮೇಲೆ ನಡೆದೇ ಬಂದ. ಅಲ್ಲಿನ ದೊರೆಯ ಮಗಳನ್ನು ಬಯಸಿ ದ್ವೀಪದ ಕಾಡುಮೃಗಗಳನ್ನೆಲ್ಲ ಬೇಟೆಯಾಡಿದ. ಆದರೂ ದೊರೆ ಮಗಳನ್ನು ಕೊಡಲಿಲ್ಲ. ಒಂದು ದಿನ ಕುಡಿದ ಅಮಲಿನಲ್ಲಿ ಆ ಹುಡುಗಿಯನ್ನು ಕೆಡಿಸಿದ. ದೊರೆ ಅವನು ಮಲಗಿದ್ದಾಗ ಕಣ್ಣು ಕೀಳಿಸಿ ಕಡಲದಂಡೆಗೆ ಎಸೆದ.

"ತಪ್ಪು ಅವನದೇ," ಎಂದರು ಅಜ್ಜಿ. "ನಮ್ಮಮ್ಮ ಅದನ್ನು ಮುಚ್ಚಿಟ್ಟು ಕಥೆ ಹೇಳ್ತಿರಲಿಲ್ಲ."

ಕುರುಡನಾದ ದೈತ್ಯನಿಗೆ ದೂರದಲ್ಲಿ ಸುತ್ತಿಗೆಯ ಸದ್ದು ಕೇಳಿಸಿತು. ಬೇರೊಂದು ದ್ವೀಪದಲ್ಲಿ ಬೆಂಕಿಯ ದೇವರ ಕುಲುಮೆಯಿತ್ತು. ಆ ಸದ್ದನ್ನೇ ಹಿಡಿದು ಸಮುದ್ರದ ಮೇಲೆ ನಡೆದು ಹೋದ. ಕುಲುಮೆಯ ಆಳೊಬ್ಬನನ್ನು ಹೆಗಲ ಮೇಲೆ ಕೂರಿಸಿಕೊಂಡು, ಸೂರ್ಯ ಹುಟ್ಟುವ ಜಾಗಕ್ಕೆ ದಾರಿ ತೋರಿಸು ಎಂದ. ಲೋಕದ ಮೂಡಣ ಅಂಚಿಗೆ ಹೋಗಿ ಮುಖವೊಡ್ಡಿ ನಿಂತ. ಸೂರ್ಯ ನೀರಿನಿಂದ ಮೇಲೆದ್ದು ಅವನನ್ನು ನೋಡಿದ. ಕಣ್ಣು ಬಂತು.

ಕೆರೆ ಇನ್ನೊಮ್ಮೆ ಗುಡುಗಿತು. ನಾನು ಚೀರಲಿಲ್ಲ. ಕಾಲಡಿಯ ನೀರು, ತಲೆಯ ಮೇಲಿನ ದೈತ್ಯ, ತೋಳು ಹಿಡಿದ ಕಣ್ಣು ಕಾಣದ ಮುದುಕಿ, ಮೈಯೆಲ್ಲ ಜುಮ್ಮೆಂದಿತು.

ಮನೆಗೆ ಬಂದು ಹೇಳಿದಾಗ ನನ್ನವರು ಗಾಬರಿಯಾದರು. "ಐಸ್ ಮೇಲೆ ಅಜ್ಜೀನ ಕರ್ಕೊಂಡ್ ಹೋಗಿದ್ಯಾ? ಏನಾದ್ರೂ ಆಗಿದ್ರೆ ಏನೇ ಮಾಡ್ತಿದ್ದೆ?"

"ನಾನೆಲ್ಲಿ ರೀ ಕರ್ಕೊಂಡ್ ಹೋಗಿದ್ದು? ಅವ್ರೇ ನನ್ನ ಕರ್ಕೊಂಡ್ ಹೋಗಿದ್ದು."

ಬಹಳ ದಿನದಿಂದ ಕಾಯುತ್ತಿದ್ದ ಶಸ್ತ್ರಚಿಕಿತ್ಸೆಗೆ ಫೆಬ್ರವರಿಯಲ್ಲಿ ಆಸ್ಪತ್ರೆಯಿಂದ ಕರೆ ಬಂತು. ಮೊದಲು ಒಂದು ಕಣ್ಣು. ನಾನು ಜೊತೆಗೆ ಹೋಗಿದ್ದೆ. ಕಣ್ಣಿಗೆ ಕಟ್ಟಿದ ಪಟ್ಟಿಯನ್ನು ಮರುದಿನ ಬೆಳಿಗ್ಗೆ ಮನೆಯಲ್ಲೇ ತೆಗೆಯಬಹುದು ಎಂದು ನರ್ಸ್ ಹೇಳಿದರು. ದಾರಿಯಲ್ಲಿ ಅಜ್ಜಿ ಕೇಳಿದರು, "ನಿಮ್ಮ ಬಾಲ್ಕನಿ ಯಾವ ಕಡೆಗಿದೆ?"

"ಪೂರ್ವಕ್ಕೆ."

"ನನಗೂ ಹಾಗೇ ಅನ್ನಿಸಿತ್ತು. ಬೆಳಿಗ್ಗೆ ಬರ್ತೀನಿ."

ಆಕಾಶ ಬಿಳಿಚುವ ಹೊತ್ತಿಗೆ ಅವರು ಗೋಡೆ ಹಿಡಿದು ಮೆಟ್ಟಿಲು ಹತ್ತಿ ಬಂದರು. ಅಂದು ತಡವಾಗಿ ಆಫೀಸಿಗೆ ಹೊರಟಿದ್ದ ನನ್ನವರು ಬಾಲ್ಕನಿಗೆ ಕುರ್ಚಿ ಹಾಕಿದರು. ಅಜ್ಜಿ ಕೂರಲಿಲ್ಲ. ಕಂಬಿ ಹಿಡಿದು ನಿಂತರು. ಎದುರು ಕಟ್ಟಡದ ಪಕ್ಕ, ಬರ್ಚ್ ಮರಗಳ ಸಂದಿಯಲ್ಲಿ ಸೂರ್ಯನ ಅಂಚು ಕಾಣಿಸಿದಾಗ "ಬಂದ" ಎಂದೆ. ಅವರೇ ಮೆಲ್ಲಗೆ ಪಟ್ಟಿ ಬಿಡಿಸಿಕೊಂಡರು.

ಅಂಗಳದತ್ತ ಬಗ್ಗಿ ನೋಡಿದರು. ಕಣ್ಣಿನಿಂದ ನೀರು ಸುರಿಯುತ್ತಿತ್ತು. ನನಗೆ ಹೆದರಿಕೆಯಾಯಿತು. "ಅಜ್ಜಿ, ಕಾಣ್ತಿದೆಯಾ?"

"ನೀಲಿ," ಎಂದರು.

"ಏನು ನೀಲಿ?"

"ಹಿಮ. ನೆರಳು ಬಿದ್ದ ಕಡೆಯೆಲ್ಲ ನೀಲಿ. ನನಗೆ ಇಷ್ಟು ವರ್ಷ ಎಲ್ಲ ಕಂದು ಬಣ್ಣವಾಗಿಬಿಟ್ಟಿತ್ತು. ನಿನಗೆ ಕಾಣ್ತಿಲ್ವಾ?"

ಕೆಳಗೆ ಅಂಗಳ ನೋಡಿದೆ. ಅಷ್ಟು ತಿಂಗಳು ದಿನವೂ ತುಳಿದ ಹಿಮ. ಬಿಳಿ ಎಂದುಕೊಂಡು ಕಣ್ಣೆತ್ತಿಯೂ ನೋಡಿರಲಿಲ್ಲ. ಮರಗಳ ನೆರಳು ಅದರ ಮೇಲೆ ಉದ್ದಕ್ಕೂ ನೀಲಿಯಾಗಿ ಚಾಚಿತ್ತು.

"ಹೌದಲ್ವೇನೇ," ಎಂದರು ನನ್ನವರು ಮೆಲ್ಲಗೆ. "ನೀಲೀನೇ ಇದೆ."

ಆಮೇಲೆ ಅಜ್ಜಿ ನನ್ನತ್ತ ತಿರುಗಿ, ಗಲ್ಲ ಹಿಡಿದು, ಮುಖವನ್ನು ಬೆಳಕಿನ ಕಡೆಗೆ ತಿರುಗಿಸಿದರು. ಹಣೆ, ಹುಬ್ಬು, ಮೂಗುಬೊಟ್ಟು ಒಂದೊಂದನ್ನೇ ನೋಡಿದರು. ಹಾಗೆ ನನ್ನನ್ನು ಯಾರೂ ನೋಡಿರಲಿಲ್ಲ.

"ಓ," ಎಂದರು, "ಹೀಗಿದ್ದೀಯಾ ನೀನು."